ಜೆಸಿಬಿಗೆ ಇಟ್ಟ ಕುಂಕುಮ

ಚಿಕ್ಕಗಂಗಮ್ಮ ಜೆಸಿಬಿಯ ಕಬ್ಬಿಣದ ಹಲ್ಲುಗಳಿಗೆ ಒಂದೊಂದಾಗಿ ಅರಿಶಿನ ಕುಂಕುಮ ಇಡುತ್ತಿದ್ದಳು. ಅದು ಕಾಂಕ್ರೀಟ್ ರಸ್ತೆ ಮಾಡಲೆಂದೇ ಬಂದಿದೆ ಎಂದು ಗಲ್ಲಿಯವರೆಲ್ಲ ತಿಳಿದಿದ್ದರು. ದೀಪಾಂಜಲಿ ನಗರದ ಹಿಂದೆ, ದೊಡ್ಡ ಮೋರಿಯ ಪಕ್ಕದ ಈ ಗಲ್ಲಿಗೆ ಪ್ರತಿ ಚುನಾವಣೆಯಲ್ಲೂ ರಸ್ತೆ ಬರುತ್ತಿತ್ತು. ಗುದ್ದಲಿ ಪೂಜೆ ಮುಗಿಸಿ, ಕೋಸಂಬರಿ ತಿಂದು, ಗುದ್ದಲಿಯ ಜೊತೆಗೇ ವಾಪಸ್ ಹೋಗುತ್ತಿತ್ತು. ಈ ಸಲ ಯಂತ್ರವೇ ಬಂದಿದೆ ಎಂದರೆ ಹುಡುಗಾಟವೇ? ಸೊಸೆ ಸುಮಾ ಆರತಿ ಎತ್ತಿದಳು. ಡ್ರೈವರ್ ತಲೆ ಎತ್ತಲೇ ಇಲ್ಲ. ನಾಚಿಕೆ ಎಂದುಕೊಂಡು ಹೆಂಗಸರು ನಕ್ಕರು.

ಕಾಯಿ ಒಡೆಯುವಷ್ಟರಲ್ಲಿ ಪೊಲೀಸ್ ವ್ಯಾನು ಬಂತು. ಹಿಂದೆಯೇ ಬಂದ ಅಧಿಕಾರಿ ಮೂಗಿಗೆ ಕರ್ಚೀಫು ಹಿಡಿದುಕೊಂಡೇ ಹೇಳಿದ:

"ಸಾಮಾನು ಆಚೆ ಹಾಕ್ಕೊಳ್ಳಿ. ಮನೆಗಳನ್ನ ತೆಗೀಬೇಕು, ಮೋರಿ ಜಾಗ ಒತ್ತುವರಿ ಆಗಿದೆ. ನೋಟಿಸ್ ಅಂಟಿಸಿದೀವಲ್ಲ."

"ಎಲ್ಲಿ ಸಾರ್?" ಎಂದಳು ಸುಮಾ.

"ಆಫೀಸ್ ಬೋರ್ಡಲ್ಲಿ."

ತಮ್ಮ ಮನೆ ಬೀಳುವ ಸುದ್ದಿ ಓದಲು ಇವರು ಬಸ್ಸು ಹಿಡಿದು ಹೋಗಬೇಕಿತ್ತಂತೆ!

ಅಷ್ಟರಲ್ಲಿ ಪುಢಾರಿ ಸಿದ್ದಲಿಂಗೇಶ್ ಬಂದ. ಚುನಾವಣೆಗೆ ಮುಂಚೆ ಹಕ್ಕುಪತ್ರ ಕೊಡಿಸುತ್ತೇನೆಂದು ಚಿಕ್ಕಗಂಗಮ್ಮನ ಕಾಲಿಗೇ ಬಿದ್ದು ವೋಟು ಕೇಳಿದ್ದವನು.

"ಅಣ್ಣ, ಕೋರ್ಟಿಗೆ ಹೋಗಕ್ಕೆ ಒಂದಿನ ಆದ್ರೂ ಟೈಮ್ ಕೊಡ್ಸಿ," ಸುಮಾ ಕೈಮುಗಿದಳು.

"ಮೇಲಿಂದ ಆರ್ಡರ್ ತಂಗಿ, ನನ್ ಕೈಲಿ ಏನಿಲ್ಲ. ಗಾಬರಿ ಆಗ್ಬೇಡಿ, ವೋಟರ್ ಲಿಸ್ಟಲ್ಲಿ ನಿಮ್ಮ ಹೆಸರು ಇಲ್ಲೇ ಇರುತ್ತೆ. ಎಲ್ಲೇ ಇರಿ, ವೋಟಿನ ದಿನ ಆಟೋ ಕಳಿಸ್ತೀನಿ."

ಥೂ! ಇವರಿಗೆ ಜನರ ಗೋಡೆ ಬೇಡ, ಸೂರು ಬೇಡ, ಶಾಯಿ ಹಚ್ಚಲು ಬೆರಳೊಂದು ಉಳಿದರೆ ಸಾಕು.

"ಅಲ್ಲಪ್ಪ," ಎಂದಳು ಚಿಕ್ಕಗಂಗಮ್ಮ, "ನಾವು ಇಲ್ಲಿ ಇರಂಗಿಲ್ಲ, ನಮ್ಮ ವೋಟು ಮಾತ್ರ ಇಲ್ಲಿರ್ಬೋದಾ?"

ಸಿದ್ದಲಿಂಗೇಶ್‌ಗೆ ಆಗಲೇ ಫೋನು ಬಂದಿತ್ತು. ಬಾರದಿದ್ದರೂ ಕಿವಿಗಿಟ್ಟುಕೊಳ್ಳುತ್ತಿದ್ದ.

ಗಲ್ಲಿಯಲ್ಲಿ ಮೊದಲನೆಯದು ಚಿಕ್ಕಗಂಗಮ್ಮನದೇ ಮನೆ. ಸುಮಾ ಪಾತ್ರೆ, ಹಾಸಿಗೆ, ದೇವರ ಪಟಗಳನ್ನು ಬೀದಿಗೆ ತಂದಿಟ್ಟಳು. ಯಂತ್ರ ಗುರುಗುಟ್ಟಿತು. ಚಿಕ್ಕಗಂಗಮ್ಮ ಸೀದಾ ಅದರ ಮುಂದೆ ಹೋಗಿ ನಿಂತಳು.

"ಪಕ್ಕಕ್ಕೆ ಬನ್ನಿ ಅಜ್ಜಿ, ಕಾಲಿಗೆ ಬೀಳ್ತೀನಿ," ಡ್ರೈವರ್ ಮೇಲಿಂದ ಕೂಗಿದ.

"ನಾನಿಟ್ಟಿದ್ದು ಕಣಪ್ಪ. ತಕ್ಕೊಂಡು ಹೋಗ್ತೀನಿ, ತಡಿ."

ಸೆರಗಿನ ತುದಿ ಹಿಡಿದು ಮೊದಲ ಹಲ್ಲನ್ನು ಉಜ್ಜಿದಳು. ಕಬ್ಬಿಣಕ್ಕೆ ಗ್ರೀಸು ಮೆತ್ತಿತ್ತು. ಒರೆಸಿದಷ್ಟೂ ಕೆಂಪು ಹರಡಿತು. ಮಹಿಳಾ ಪೇದೆ ಬಂದು ರಟ್ಟೆ ಹಿಡಿದು ಎಳೆಯುವವರೆಗೂ ಅವಳು ಒರೆಸುತ್ತಲೇ ಇದ್ದಳು.