ಜೇಡದ ಹೆಸರಿನಲ್ಲಿ ಉಂಡ ಹುಳು

ನಮ್ಮ ಮನೆಯಲ್ಲಿ ಜೇಡ ಕೊಲ್ಲುವಂತಿಲ್ಲ. ಬಲೆ ತೆಗೆಯಬಹುದು, ಬಾಯಿಗೆ ಬಂದಂತೆ ಬೈಯಬಹುದು. ಆದರೆ ಜೇಡವನ್ನು ಪೊರಕೆಯ ತುದಿಗೆ ಹತ್ತಿಸಿಕೊಂಡು ಹೊರಗಿನ ಗೋಡೆಗೆ ಬಿಟ್ಟು ಬರಬೇಕು. ಇದು ನನ್ನ ಅತ್ತೆ ಗುಲ್ಜಾರ್ ಬೇಗಂ, ಅಂದರೆ ನಮ್ಮ ಅಮ್ಮಿಯ ಕಾನೂನು. ಪ್ರವಾದಿಯವರು ವೈರಿಗಳಿಂದ ತಪ್ಪಿಸಿಕೊಂಡು ಗುಹೆಯಲ್ಲಿ ಕೂತಿದ್ದಾಗ ಗುಹೆಯ ಬಾಯಿಗೆ ಬಲೆ ನೇಯ್ದು ಕಾಪಾಡಿದ್ದು ಒಂದು ಜೇಡ. ಹುಡುಕಿ ಬಂದವರು ಬಲೆ ನೋಡಿ, ಒಳಗೆ ಯಾರೂ ಹೋಗಿರಲಿಕ್ಕಿಲ್ಲ ಅಂತ ಹಿಂದಿರುಗಿದರಂತೆ. "ಅದರ ಉಪಕಾರ ನಮ್ಮೆಲ್ಲರ ಮೇಲಿದೆ" ಅನ್ನುತ್ತಾರೆ ಅಮ್ಮಿ. ಅಷ್ಟು ಹಳೆಯ ಉಪಕಾರವನ್ನು ನರಸಿಂಹರಾಜಪುರದ ನಮ್ಮ ಬಚ್ಚಲಿನ ಜೇಡಕ್ಕೆ ಯಾಕೆ ತೀರಿಸಬೇಕು ಅಂತ ನಾನು ಕೇಳಿದ್ದೂ ಇದೆ. ನನ್ನ ನಾಲಿಗೆ ಸ್ವಲ್ಪ ಉದ್ದ.

ನಾನು ಮೆಹ್ನಾಜ್, ಕೊಪ್ಪದವಳು. ತೌಸೀಫ್ ಅವರಿಗೆ ಎರಡನೇ ಹೆಂಡತಿ. ಮೊದಲನೆಯವಳು ಸುಮಯ್ಯ, ಜ್ವರದಲ್ಲಿ ತೀರಿಕೊಂಡಳು. ನಾನು ಅವಳನ್ನು ನೋಡಿಲ್ಲ. ನನ್ನನ್ನು ನೋಡಿದವರೆಲ್ಲ ಮಾತ್ರ ಅವಳನ್ನೇ ನೋಡುತ್ತಾರೆ. ಅದೇ ಮೂಗಂತೆ, ಅದೇ ನಡಿಗೆಯಂತೆ. ಹೆಣ್ಣು ನೋಡಲು ಬಂದ ದಿನ ಅಮ್ಮಿ ನನ್ನ ಗಲ್ಲ ಹಿಡಿದು ಅತ್ತುಬಿಟ್ಟರು, ಹೆಚ್ಚು ವಿಚಾರಿಸದೆ ಅಲ್ಲೇ ಒಪ್ಪಿದರು. ಮನೆಗೆ ಬಂದ ಮೇಲೆ ಬೀಗದ ಕೈ ಕೊಟ್ಟರು. ಗಿಡದ ಹುಚ್ಚಿದೆ ಅಂದಿದ್ದಕ್ಕೆ ರಸ್ತೆ ಬದಿಯ ಅಂಗಳವನ್ನೇ ಬಿಟ್ಟುಕೊಟ್ಟರು. ಇಂಥ ಅತ್ತೆ ಸಿಕ್ಕಿದ್ದಕ್ಕೆ ತವರಿನಲ್ಲಿ ಎಲ್ಲರೂ ಅಲ್ಲಾಹನಿಗೆ ಶುಕ್ರು ಹೇಳುತ್ತಾರೆ. ನಾನೂ ಹೇಳುತ್ತೇನೆ. ಆದರೆ ಹೇಳುವಾಗಲೆಲ್ಲ ಒಳಗೆ ಒಂದು ಮುಳ್ಳು ಆಡುತ್ತದೆ: ಈ ಪ್ರೀತಿ ನನ್ನದೋ, ಸುಮಯ್ಯಳದೋ? ಅವಳಿಗೆ ಬಡಿಸಿದ ಎಲೆಗೆ ನಾನು ಬಂದು ಕೂತಿದ್ದೇನೋ? ಅಮ್ಮಿಯನ್ನು ಕೇಳುವ ಧೈರ್ಯ ಇಷ್ಟುದ್ದದ ನಾಲಿಗೆಗೂ ಬಂದಿರಲಿಲ್ಲ.

ಅಂಗಳದಲ್ಲಿ ಈಗ ನನ್ನ ಗುಲಾಬಿ ಸಸಿಗಳಿವೆ. ಶೆಟ್ಟಿಕೊಪ್ಪ, ಕಡಹಿನಬೈಲು ಕಡೆಯವರು ಬಸ್ಸಿಳಿದು ಬಂದು ಒಯ್ಯುತ್ತಾರೆ. ಅಷ್ಟೂ ಸಸಿಗಳಿಗೆ ಕಡ್ಡಿ ಕೊಡುವುದು ಒಂದೇ ತಾಯಿಗಿಡ. ಈ ಸಲ ಮಳೆ ಮುಗಿದು ಬಿಸಿಲು ಬಿದ್ದಾಗ ಅದರ ಎಲೆಗಳು ಕಾಣೆಯಾಗತೊಡಗಿದವು. ಇವತ್ತು ಒಂದು ರೆಂಬೆ ಬೋಳು, ನಾಳೆ ಇನ್ನೊಂದು. ಎಷ್ಟು ಹುಡುಕಿದರೂ ಹುಳು ಸಿಗಲಿಲ್ಲ. ಇದ್ದದ್ದು ಒಂದು ಕಂದು ಜೇಡ ಮಾತ್ರ. ಕೈ ಹತ್ತಿರ ಹೋದರೆ ಕಡ್ಡಿಯಂಥ ಕಾಲುಗಳನ್ನು ಅಗಲಿಸಿ ಗಡಗಡ ನಡುಗಿಸುತ್ತಿತ್ತು. ನನಗೆ ಜೇಡ ಕಂಡರೆ ಮೈ ಜುಮ್ಮೆನ್ನುತ್ತದೆ. ದೂರ ಸರಿದು ಅಮ್ಮಿಯನ್ನು ಕರೆದೆ.

"ಹೆದರಬೇಡ ಮಾರಾಯ್ತಿ" ಅಂದರು ಅಮ್ಮಿ. "ನಿನ್ನ ಗಿಡ ಕಾಯೋಕೆ ಬಂದಿದೆ. ಎಲೆ ತಿನ್ನೋ ಹುಳನ ಅದೇ ಹಿಡೀತದೆ, ನೋಡ್ತಿರು."

ಅವತ್ತಿನಿಂದ ಅದಕ್ಕೆ ರಾಜೋಪಚಾರ. ಗಿಡಕ್ಕೆ ನೀರು ಹಾಕುವಾಗ ಅದರ ಮೈಗೆ ಸಿಡಿಯಬಾರದು. ಕೋಳಿಗಳು ಅತ್ತ ಸುಳಿದರೆ ಅಮ್ಮಿ ಮಂಡಿನೋವು ಮರೆತು ಓಡುತ್ತಿದ್ದರು. ಎದುರುಮನೆಯ ನೀಲಾಂಬಿಕೆ ದಿನಾ ಲಿಂಗಪೂಜೆಗೆ ನನ್ನ ಗಿಡದ ಹೂವನ್ನೇ ಒಯ್ಯುವವರು. ಅವರು ಬೋಳು ರೆಂಬೆ ನೋಡಿ ಗಾಬರಿಯಾದರು.

"ಔಷಧಿ ಹೊಡಿಯೇ ಮೆಹ್ನಾಜ್. ನಮ್ಮನೆ ಪಂಪ್ ಕೊಡ್ತೀನಿ."

"ಔಷಧಿ ಹೊಡೆದ್ರೆ ಜೇಡ ಸತ್ತೋಗ್ತದಲ್ಲ ನೀಲಮ್ಮ" ಅಂದರು ಅಮ್ಮಿ. "ಕಾವಲಿಗೆ ಬಂದಿದ್ದನ್ನ ಕೊಲ್ಲೋದಾ?"

ನೀಲಾಂಬಿಕೆ ನನ್ನ ಮುಖ ನೋಡಿದರು. ನಾನು ಆಕಾಶ ನೋಡಿದೆ.

ತಾಯಿಗಿಡದ ಅರ್ಧ ಖಾಲಿಯಾದ ಮೇಲೆ ನನಗೆ ತಡೆಯಲಾಗಲಿಲ್ಲ. ಒಂದು ಬೆಳಿಗ್ಗೆ ನಮಾಜು ಮುಗಿಸಿ ಗಿಡದ ಮುಂದೆ ಮಣೆ ಹಾಕಿಕೊಂಡು ಕೂತೆ, ಕಳ್ಳ ಸಿಗುವ ತನಕ ಏಳುವುದಿಲ್ಲ ಅಂತ. ಬೆಳಕು ಚೆನ್ನಾಗಿ ಹರಿದಾಗ ನೋಡುತ್ತೇನೆ, ಕಾವಲುಗಾರನೇ ಎಲೆಯ ಅಂಚು ಹಿಡಿದು ತಿನ್ನುತ್ತಿದ್ದಾನೆ! ಜೇಡ ಎಲ್ಲಾದರೂ ಎಲೆ ತಿನ್ನುತ್ತದೆಯೇ? ಹೆದರಿಕೆ ಬದಿಗಿಟ್ಟು ಮುಖ ಹತ್ತಿರ ಒಯ್ದೆ. ಹೊಟ್ಟೆಯ ಕೆಳಗೆ ಕಂಬಳಿಹುಳುವಿಗೆ ಇರುವಂಥ ಮೊಂಡು ಕಾಲುಗಳು ರೆಂಬೆಯನ್ನು ಕಚ್ಚಿಕೊಂಡಿದ್ದವು. ಕಡ್ಡಿಯಿಂದ ಮುಟ್ಟಿದೆ. ತಲೆಯನ್ನು ಹಿಂದಕ್ಕೆ ಬಗ್ಗಿಸಿ, ಬಾಲ ಎತ್ತಿ, ಮುಂದಿನ ಉದ್ದ ಕಾಲುಗಳನ್ನು ಹರಡಿ ನಡುಗಿತು. ತಕ್ಷಣ ಜೇಡವಾಯಿತು. ಹಕ್ಕಿಗಳು ಹೆದರಿ ಬಿಟ್ಟುಹೋಗಲಿ ಅಂತ ಹಾಕಿದ ವೇಷ ಇರಬೇಕು. ನಮ್ಮ ಮನೆಯಲ್ಲಿ ಆ ವೇಷಕ್ಕೆ ಸನ್ಮಾನವೇ ಸಿಗುತ್ತದೆ ಅಂತ ಪಾಪ ಅದಕ್ಕೇನು ಗೊತ್ತು.

ನನಗೆ ಪಿತ್ತ ನೆತ್ತಿಗೇರಿತು. ಆ ರೆಂಬೆಯನ್ನೇ ಕತ್ತರಿಸಿ, ಹುಳುವಿನ ಸಮೇತ ಅಡುಗೆಮನೆಗೆ ಒಯ್ದೆ. ಅಮ್ಮಿ ಮೀನು ತೊಳೆಯುತ್ತಿದ್ದರು.

"ನೋಡಿ ನಿಮ್ಮ ಕಾವಲುಗಾರನ್ನ. ಜೇಡ ಅಲ್ಲ, ಹುಳ! ಇದು ನನ್ನ ಗಿಡ ತಿಂದಿದೆ, ನೀವು ಕೋಳಿ ಓಡಿಸಿ ತಿನ್ನಿಸಿದೀರಿ."

ಅಮ್ಮಿ ಕನ್ನಡಕ ಸರಿ ಮಾಡಿಕೊಂಡು ನೋಡಿದರು. ಅದು ಎಲೆ ಕಚ್ಚಿತು. "ಯಾ ಅಲ್ಲಾ, ಎಂಥಾ ಕಳ್ಳ!" ಅಂತ ಹೊಟ್ಟೆ ಹಿಡಿದುಕೊಂಡು ನಕ್ಕರು. ಆ ನಗು ನನ್ನ ಸಿಟ್ಟಿಗೆ ತುಪ್ಪ ಸುರಿಯಿತು.

"ನಗ್ತೀರಲ್ಲ ಅಮ್ಮಿ. ಉಪಕಾರ ಮಾಡಿದ್ದು ಜೇಡ, ಕೂತು ತಿಂದಿದ್ದು ಇದು. ನೋಡೋಕೆ ಒಂದೇ ಥರ ಇದೆ ಅಂತ ಇದಕ್ಕೆ ಎಲ್ಲಾ ಸಿಕ್ಕಿತು. ನನಗೆ ಸಿಕ್ಕಿದ ಹಾಗೆ."

ಕೊನೆಯ ಮಾತು ಆಡಬೇಕು ಅಂದುಕೊಂಡಿರಲಿಲ್ಲ, ಜಾರಿಬಿಟ್ಟಿತು. ಅಮ್ಮಿಯ ನಗು ನಿಂತಿತು. ಕೈ ತೊಳೆದುಕೊಂಡು, ನನ್ನನ್ನು ಪಕ್ಕಕ್ಕೆ ಎಳೆದು ಕೂರಿಸಿದರು.

"ಸುಳ್ಳು ಹೇಳಲ್ಲ ಬೇಟಾ. ಸುಮಯ್ಯನ ಮುಖ ಇದೆ ಅಂತಲೇ ನಿನ್ನ ಒಪ್ಪಿದ್ದು. ಹೊಸದರಲ್ಲಿ ನೀನು ಒಲೆ ಕಡೆ ತಿರುಗಿ ನಿಂತ್ರೆ, ಅವಳೇ ವಾಪಸ್ ಬಂದ್ಳು ಅನ್ನಿಸ್ತಿತ್ತು."

ನನ್ನ ಕಣ್ಣು ತುಂಬಿತು. ಈ ವಿಷಯ ಎತ್ತಬಾರದಿತ್ತು ಅನ್ನಿಸಿತು.

"ಆಮೇಲೆ ಒಂದಿನ ಮೀನುಸಾರು ಬಡಿಸಿದೆ. ನೀನು ಒಂದು ತುತ್ತು ಬಾಯಿಗಿಟ್ಟು, 'ಹಲ್ಲೆಲ್ಲ ಚಳಿತು ಅಮ್ಮಿ, ಊರಿನ ವಾಟೆಹುಳಿ ಎಲ್ಲಾ ಇದಕ್ಕೇ ಹಾಕಿದ್ರಾ' ಅಂದೆ. ನೆನಪಿದೆಯಾ?"

ನೆನಪಿರಲಿಲ್ಲ. ಆದರೆ ಅದು ನಾನು ಆಡುವಂಥ ಮಾತೇ.

"ಸುಮಯ್ಯ ಅಷ್ಟು ವರ್ಷ ಅದೇ ಸಾರು ಉಂಡ್ಳು. ಹೆಚ್ಚು ಅನ್ಲಿಲ್ಲ, ಕಮ್ಮಿ ಅನ್ಲಿಲ್ಲ. ನೀನು ಅಂದಾಗ ನಂಗೆ ಸಿಟ್ಟು ಬಂತು, ಒಳಗೆ ಹೋಗಿ ಅತ್ಕೊಂಡೆ. ಸುಮಯ್ಯ ಹೋದ್ಳು, ಇವಳು ಬೇರೆ ಹುಡುಗಿ ಅಂತ ಅವತ್ತೇ ಮನಸ್ಸಿಗೆ ನಾಟಿದ್ದು. ಮಾರನೇ ಸಲದಿಂದ ಹುಳಿ ಅರ್ಧ ಮಾಡಿದೆ. ಇವತ್ತಿಗೂ ಅರ್ಧವೇ. ಅದು ಯಾರಿಗೆ ಮೆಹ್ನಾಜ್? ಸುಮಯ್ಯಂಗಾ?"

ನಾನು ಅವರ ತೋಳಿಗೆ ಮುಖ ಒತ್ತಿಕೊಂಡೆ. ಮೀನಿನ ವಾಸನೆ ಬರುತ್ತಿತ್ತು, ಬಿಡಲು ಮನಸ್ಸಾಗಲಿಲ್ಲ. ಇಷ್ಟು ವರ್ಷ ಅರ್ಧ ಬಾಯಿಯಲ್ಲಿ ಹೇಳಿದ ಶುಕ್ರು ಅವತ್ತು ಮನಸಾರೆ ಹೇಳಿದೆ.

ಸಮಾಧಾನವಾದ ಮೇಲೆ ರೆಂಬೆ ಎತ್ತಿಕೊಂಡು ಕೇಳಿದೆ: "ಇದನ್ನ ಎಂತ ಮಾಡ್ಲಿ?"

"ಬಾವಿಕಟ್ಟೆ ಹತ್ರ ಹೂ ಬಿಡದ ಗುಲಾಬಿ ಇದೆಯಲ್ಲ, ಅದಕ್ಕೆ ಬಿಡು."

"ಜೇಡ ಅಲ್ಲ ಅಂತ ಗೊತ್ತಾದ ಮೇಲೂ?"

"ಜೇಡ ಅಲ್ಲ ನಿಜ. ಆದ್ರೆ ಅಷ್ಟು ದಿನ ಕೋಳಿ ಓಡಿಸಿದ್ದು ಇದಕ್ಕೇ ತಾನೇ? ಇನ್ನು ಕೋಳಿ ಬಾಯಿಗೆ ಹಾಕೋಕೆ ಮನಸ್ಸು ಬರಲ್ಲ."

ಮಧ್ಯಾಹ್ನ ತೌಸೀಫ್ ಅಂಗಡಿಯಿಂದ ಊಟಕ್ಕೆ ಬಂದರು. ಮೀನುಸಾರು ಬಡಿಸುತ್ತಿದ್ದಂತೆ, ಎಂದಿನಂತೆ ತಟ್ಟೆಗೆ ನಿಂಬೆಹಣ್ಣು ಹಿಂಡಿಕೊಂಡರು. ರುಚಿ ನೋಡುವ ಮೊದಲೇ ಹಿಂಡುತ್ತಾರೆ, ಅಮ್ಮಿಯ ಅಡುಗೆಗೆ ಮರ್ಯಾದೆ ಇಲ್ಲ ಅಂತ ನಾನು ಅವರನ್ನು ಗದರಿದ್ದಕ್ಕೆ ಲೆಕ್ಕವಿಲ್ಲ. ಅವರು ಒಮ್ಮೆಯೂ ಕಾರಣ ಹೇಳಿರಲಿಲ್ಲ. ಹುಟ್ಟಿದಾಗಿನಿಂದ ಆ ಹುಳಿಸಾರಿನಲ್ಲೇ ಬೆಳೆದವರು.

ಅವರ ಪಕ್ಕದಲ್ಲಿ ಅಮ್ಮಿ ಅದೇ ಅರ್ಧ ಹುಳಿಯ ಸಾರಿಗೆ ಅನ್ನ ಕಲಸುತ್ತಿದ್ದರು. ನಾನು ಎದ್ದು ಹೋಗಿ ಇನ್ನೊಂದು ನಿಂಬೆಹಣ್ಣು ಹೆಚ್ಚಿ, ಅರ್ಧವನ್ನು ಅಮ್ಮಿಯ ತಟ್ಟೆಯಲ್ಲಿಟ್ಟೆ. ಅವರು ನನ್ನ ಮುಖ ನೋಡಿದರು. ಆಮೇಲೆ ಅದನ್ನು ತೆಗೆದುಕೊಂಡು, ಕೊನೆಯ ಹನಿಯ ತನಕ ಹಿಂಡಿಕೊಂಡರು.