ಮುಂಡಪ್ಪನ ಹೆಂಡತಿ

ಮರಾಠಿ ಸೀಮೆಯ ಮಹಾನಗರದ ಅಂಚಿಗಿರುವ ಐರೋಲಿಯ ಹಿಂದಿನ ಗುಡ್ಡದ ಮೇಲೆ ಮರೆಮ್ಮ ಹನ್ನೊಂದು ವರ್ಷ ಒಂದೇ ಖೋಲಿಯಲ್ಲಿ ಸಂಸಾರ ಮಾಡಿದ್ದಳು. ಕೆಳಗೆ ಗಾಜಿನ ಐಟಿ ಪಾರ್ಕುಗಳು. ಅವುಗಳಿಗೆ ಇಟ್ಟಿಗೆ ಹೊತ್ತವರೆಲ್ಲ ಮೇಲೆ, ತಗಡಿನ ಸೂರಿನಡಿ. ರಾಯಚೂರಿನಿಂದ ಬಂದ ಅವಳೂ ಗಂಡ ಯಂಕಪ್ಪನೂ ಈ ಖೋಲಿಯನ್ನು ತಮ್ಮದೇ ತಾಲೂಕಿನ ಮುಂಡಪ್ಪನಿಂದ ಕೊಂಡಿದ್ದರು. ಸ್ಟಾಂಪ್ ಪೇಪರು, ನೋಟರಿಯ ಕೆಂಪು ಮೊಹರು, ಮುಂಡಪ್ಪನ ಹೆಬ್ಬೆಟ್ಟು, ಎಲ್ಲವೂ ಇದ್ದವು. ಜಾಗ ಮಾತ್ರ ಮುಂಡಪ್ಪನದಾಗಿರಲಿಲ್ಲ. ಅದು ಸರಕಾರದ ಅರಣ್ಯ. ಗುಡ್ಡದಲ್ಲಿ ಒಂದು ಮರವೂ ಉಳಿಯದ ಮೇಲೆ ಇಲಾಖೆಗೆ ಎಚ್ಚರವಾಯಿತು. ಕೋಟೆ ಸೂರೆ ಹೋದ ಮೇಲೆ ದಿಡ್ಡಿ ಬಾಗಿಲು ಹಾಕಿದರು ಅನ್ನುವುದು ಇದಕ್ಕೇ.

ಗುಡ್ಡ ಖಾಲಿ ಮಾಡಿಸಲು ಕೋರ್ಟಿನ ಆದೇಶ ಬಂತು. ಮೊದಲ ನಿವಾಸಿಗಳ ಹಳೆಯ ಪಟ್ಟಿಯಲ್ಲಿ ಹೆಸರಿದ್ದವರಿಗೆ, ಅವರು ಸತ್ತಿದ್ದರೆ ಅವರ ಹೆಂಡತಿ ಮಕ್ಕಳಿಗೆ, ಬೇರೆ ಕಡೆ ಪಕ್ಕಾ ಮನೆ. ಕೊಂಡವರಿಗೆ ಏನೂ ಇಲ್ಲ. ಕಾಡು ಒತ್ತಿಕೊಂಡವನಿಗೆ ಹಕ್ಕು, ಅವನಿಗೆ ದುಡ್ಡು ಕೊಟ್ಟವನಿಗೆ ಬೀದಿ. ಯಾವ ಸೀಮೆಯ ನ್ಯಾಯವೋ ಏನೋ.

ಪಟ್ಟಿಯಲ್ಲಿದ್ದದ್ದು ಮುಂಡಪ್ಪನ ಹೆಸರು. ಅವನು ಸತ್ತು ಮೂರು ವರ್ಷವಾಗಿತ್ತು. ಹಿಂದಿಲ್ಲ ಮುಂದಿಲ್ಲ, ಮದುವೆಯನ್ನೇ ಆದವನಲ್ಲ. ಚಾಳಿನ ಮುಂದಾಳು ರೇವಣಸಿದ್ದ ಉಪಾಯ ಹೇಳಿದ.

"ನೋಡಬೇ, ಸರ್ವೇದವ್ರು ಬಂದಾಗ ನೀ ಮುಂಡಪ್ಪನ ಹೇಣ್ತಿ ಅನ್ನು. ಆಧಾರ್‌ದಾಗ ಗಂಡನ ಹೆಸರು ತಪ್ಪೇತಿ ಅಂತ ನಾ ಅಫಿಡವಿಟ್ ಮಾಡಸ್ತೀನಿ. ಯಂಕಪ್ಪಣ್ಣ ಅವತ್ತೊಂದಿನ ಯಾರ ಕಣ್ಣಿಗೂ ಬೀಳಬಾರದು."

ಮರೆಮ್ಮ ಗಂಡನ ಮುಖ ನೋಡಿದಳು. ಸಿಮೆಂಟಿನ ಧೂಳು ಎದೆಗಿಳಿದು ಯಂಕಪ್ಪನಿಗೆ ಎರಡು ವರ್ಷದಿಂದ ಕೆಲಸವಿರಲಿಲ್ಲ. ಅವನು ಕೆಮ್ಮು ನಿಲ್ಲುವ ತನಕ ಕಾದು, "ಅನ್ನು ಬಿಡು. ನೀ ಅಂದಾಕ್ಷಣ ನಾ ಏನು ಸಾಯಂಗಿಲ್ಲ. ತಲಿ ಮ್ಯಾಲೊಂದು ಸೂರು ಇರ್ಲಿ" ಅಂದ.

ಸರ್ವೇ ದಿನ ಬೆಳಿಗ್ಗೆ ಅವಳು ಕುಂಕುಮ ಅಳಿಸಿ, ತಾಳಿಯನ್ನು ಜೋಳದ ಡಬ್ಬಿಯಲ್ಲಿ ಇಟ್ಟಳು. ಬಳೆ ತೆಗೆಯಲು ಕೈಗೆ ಸೋಪು ಹಚ್ಚಿಕೊಟ್ಟವನು ಯಂಕಪ್ಪನೇ. ಗಂಡ ಕಣ್ಣೆದುರು ಕೂತಿರುವಾಗಲೇ ವಿಧವೆಯ ವೇಷ ಹಾಕಬೇಕಾಯಿತಲ್ಲ. ಅಳಲಿಲ್ಲ ಅಂದರೆ ಸುಳ್ಳಾದೀತು. ಅತ್ತಳು, ಮುಖ ತೊಳೆದುಕೊಂಡು ಹೊರಟಳು.

ಮಾರುತಿ ಗುಡಿಯ ಮುಂದೆ ಮೇಜು ಹಾಕಿದ್ದರು. ಬರೆದುಕೊಳ್ಳುತ್ತಿದ್ದ ನಡುವಯಸ್ಸಿನ ಅನಸೂಯಾಬಾಯಿ ಅಕ್ಕಲಕೋಟೆ ಕಡೆಯವಳು. ಕನ್ನಡದಲ್ಲೇ ಕೇಳಿದಳು.

"ಗಂಡನ ಹೆಸರು?"

"ಮುಂಡಪ್ಪ" ಎಂದಳು ಮರೆಮ್ಮ. ಎರಡು ದಿನ ಬಾಯಿಪಾಠ ಮಾಡಿದ್ದ ಹೆಸರು, ತಟ್ಟನೆ ಬಂತು.

ಅನಸೂಯಾಬಾಯಿಯ ಪೆನ್ನು ನಿಂತಿತು.

"ನಮ್ಮವ್ವ ಎಂಬತ್ತು ವರ್ಷ ಬದುಕಿದಳು. ನಮ್ಮಪ್ಪನ ಹೆಸರು ಒಂದಿನ ಬಾಯಾಗ ತರಲಿಲ್ಲ. ರೇಶನ್ ಅಂಗಡಿಗೆ ನನ್ನ ಕರ್ಕೊಂಡು ಹೋಗಿ ನನ್ನ ಕಡಿಂದ ಹೇಳಸ್ತಿದ್ಳು. ನೀ ಏನವ್ವಾ, ಉಪ್ಪು ಕೊಡ್ರಿ ಅಂದಂಗ ಅಂದುಬಿಟ್ಟಿ."

ಮೂವತ್ತು ವರ್ಷ ಗಂಡನನ್ನು 'ನಮ್ಮನಿಯವ್ರು' ಎಂದೇ ಕರೆದವಳು ಮರೆಮ್ಮ. ಎಲ್ಲ ಕಲಿಸಿದ್ದ ರೇವಣಸಿದ್ದನಿಗೆ ಇದೊಂದು ಹೊಳೆದಿರಲಿಲ್ಲ. ಅವನು ಹುಟ್ಟಿ ಬೆಳೆದದ್ದೆಲ್ಲ ಇಲ್ಲೇ. ಹೆಂಡತಿಯಾದವಳು ಎಲ್ಲಿ ತಡವರಿಸಬೇಕು ಅನ್ನುವುದು ಅವನಿಗೇನು ಗೊತ್ತು.

"ಸುಳ್ಳು ಬರೆಸಿದ್ರ ಕೇಸ್ ಆಗತೈತಿ, ನನ್ನ ನೌಕರೀನೂ ಹೋಗತೈತಿ." ಅನಸೂಯಾಬಾಯಿ ದನಿ ಇಳಿಸಿದಳು. "ಖರೆ ಹೆಸರು ಹೇಳು. ಕೊಂಡವರ ಪಟ್ಟಿಯಾಗ ಬರೀತೀನಿ."

ಮರೆಮ್ಮ ಬಾಯಿ ತೆರೆದಳು. ಹೆಸರು ಬರಲಿಲ್ಲ. ಬೇರೆ ಯಾರಾದರೂ ಹೇಳಲಿ ಎಂದು ತಿರುಗಿ ನೋಡಿದಳು. ಸಾಲಿನಲ್ಲಿದ್ದ ನೆರೆಹೊರೆಯವರೆಲ್ಲ ನೆಲ ನೋಡಿದರು. ಅವರವರ ಸುಳ್ಳು ಅವರವರ ಮಡಿಲಲ್ಲಿತ್ತು. ರೇವಣಸಿದ್ದ ಫೋನು ಕಿವಿಗೆ ಹಚ್ಚಿಕೊಂಡು ಮೆಲ್ಲಗೆ ಜಾರಿದ.

ಗುಡಿಯ ಹಿಂದೆ ನೀರಿನ ಟಾಕಿಯ ಮರೆಯಿಂದ ಕೆಮ್ಮು ಕೇಳಿಸಿತು. ಯಂಕಪ್ಪ ಗೋಡೆ ಹಿಡಿದುಕೊಂಡು ಬಂದ. ಹೆಂಡತಿಯ ಪಕ್ಕಕ್ಕೆ ನಿಂತು ಉಸಿರು ಎಳೆದುಕೊಂಡ.

"ಆಕಿ ಹೇಳಂಗಿಲ್ರಿ" ಅಂದ. "ನಾ ಹೇಳ್ತೀನಿ, ಬರ್ಕೊಳ್ರಿ. ಯಂಕಪ್ಪ."

ಅನಸೂಯಾಬಾಯಿ ಬರೆದುಕೊಂಡಳು. ಹಕ್ಕು ಎಂಬುದರ ಎದುರು 'ಇಲ್ಲ' ಎಂದು ಬರೆದು, ಶಾಯಿಯ ಪ್ಯಾಡನ್ನು ಮುಂದೆ ಸರಿಸಿದಳು. ಮರೆಮ್ಮ ಹೆಬ್ಬೆಟ್ಟು ಒತ್ತಿದಳು. ಯಂಕಪ್ಪ ಅವಳ ಮಣಿಕಟ್ಟು ಹಿಡಿದುಕೊಂಡಿದ್ದ.