ಮಸಿ ಕಾಣದ ಓಲೆ

ನಾನು ಒಂದು ಓಲೆಗರಿಯ ಕಟ್ಟು. ಹುಟ್ಟಿದ್ದು ನೆಳಲೂರು ಸೀಮೆಯಲ್ಲಿ. ಅಲ್ಲಿ ಮನುಷ್ಯರ ನೆರಳಿಗೂ ಜೀವವುಂಟು, ಮೂಗಿನ ತುದಿಯಲ್ಲೇ ಸಿಟ್ಟೂ ಉಂಟು. ಮುನಿಸಿಕೊಂಡ ನೆರಳು ಎದ್ದು ಹೋಯಿತೆಂದರೆ ಆ ಮನುಷ್ಯ ತನ್ನವರನ್ನೆಲ್ಲ ಮರೆತುಬಿಡುತ್ತಾನೆ. ಏಳು ದಿನದೊಳಗೆ ಬಾರದ ನೆರಳು ಮತ್ತೆ ಬರುವುದೇ ಇಲ್ಲ.

ಹೊಂಬವ್ವ ಎಂಬ ಮುದುಕಿ ಕಂಟವೆಂಬ ಕಬ್ಬಿಣದ ಲೇಖನಿಯಿಂದ ನನ್ನ ಮೈತುಂಬ ಏನನ್ನೋ ಕೊರೆದಳು. ಏನೆಂದು ನನಗೆ ತಿಳಿಯಲಿಲ್ಲ. ತನ್ನ ಬೆನ್ನನ್ನು ತಾನು ಯಾರು ಓದಿಕೊಂಡಾರು? ಕೊರೆದ ಮೇಲೆ ಮಸಿ ತಿಕ್ಕಿದರೆ ತಾನೆ ಅಕ್ಷರ ಕಣ್ಣಿಗೆ ಕಾಣುವುದು? ಮಸಿ ತರಲು ಹೋದವಳು ಬರಿಗೈಯಲ್ಲಿ ಬಂದಳು, ನೆರಳಿಲ್ಲದೆ ಬಂದಳು. ನನ್ನನ್ನು ನೋಡಿ, "ಇದ್ಯಾರ್ದಪ್ಪಾ?" ಎಂದಳು. ನನಗೆ ಅಳು ಬಂತು.

ಆಮೇಲೆ ಯಾರ್ಯಾರದೋ ಕೈ ಸೇರಿದೆ. ಒಬ್ಬಳು ಸೆಕೆಗೆ ಬೀಸಿಕೊಂಡಳು. ಇನ್ನೊಬ್ಬ ಅಲುಗಾಡುವ ಮಂಚದ ಕಾಲಿಗೆ ಒತ್ತು ಕೊಟ್ಟ. ಕೊನೆಗೆ ಮಠದ ಬಯಲಯ್ಯನವರ ಕಣ್ಣಿಗೆ ಬಿದ್ದೆ. ಅವರು ತಿರುವಿ ನೋಡಿ, "ಏನೂ ಬರೆಯದ ಗ್ರಂಥ! ಶೂನ್ಯವೇ ಸತ್ಯ!" ಎಂದು ಕಣ್ಣು ಮುಚ್ಚಿದರು. ಜನ ಅಡ್ಡಬಿದ್ದರು. ಅಂದಿನಿಂದ ನನಗೆ ರೇಷ್ಮೆ, ಹೂವು, ದೀಪ. ಮೈತುಂಬ ಗಾಯ ಹೊತ್ತ ನನ್ನನ್ನು ಖಾಲಿ ಎನ್ನುತ್ತಾರಲ್ಲ, ನನಗೆ ತಲೆಬುಡ ಅರ್ಥವಾಗಲಿಲ್ಲ. ದೊಡ್ಡವರು ಹೇಳಿದ ಮೇಲೆ ಖಾಲಿಯೇ ಇರಬೇಕು ಎಂದುಕೊಂಡೆ. ಹಾಗೇ ನಲವತ್ತು ವರ್ಷ ಕಳೆಯಿತು.

ಒಂದು ಮಧ್ಯಾಹ್ನ ಮಠದ ಅಡುಗೆಯ ಚಿಕ್ಕತಾಯಿ ಒಲೆ ಮುಂದಿನಿಂದ ಎದ್ದವಳೇ ಓಡಿಬಂದಳು. ಅವಳ ಗಂಡ ಮುದ್ದಯ್ಯನ ನೆರಳು ಹೋಗಿ ಅಂದಿಗೆ ಆರನೆಯ ದಿನ. ನನ್ನನ್ನು ಬಾಚಿಕೊಂಡು ಕಣ್ಣಿಗೊತ್ತಿಕೊಂಡಳು. ಕೈಯೆಲ್ಲ ಒಲೆಯ ಮಸಿ.

"ಅಯ್ನೋರೆ, ಇಲ್ನೋಡಿ, ಇರುವೆ ಸಾಲು ಹೊಂಟಂಗೈತೆ!"

ಬಯಲಯ್ಯನವರು ಹೌಹಾರಿ ಶಲ್ಯದಿಂದ ಒರೆಸಿದರು. ಒರೆಸಿದಷ್ಟೂ ಮಸಿ ಗೀರುಗಳೊಳಗೆ ಇಳಿದು ಅಕ್ಷರ ಎದ್ದು ಕಂಡಿತು. ಅವರು ಕಣ್ಣಲ್ಲೇ ಮೊದಲ ಸಾಲು ಓದಿಕೊಂಡರು.

"ನೆರಳು ಕರೆಯೋ ಮಂತ್ರ ಕಣಮ್ಮ ಇದು."

"ಓದಿ ಮತ್ತೆ!"

"ಓದಿದರೆ, ಇಷ್ಟು ವರ್ಷ ನಾನು ಹೇಳಿದ್ದು ಏನಾಯ್ತು?"

"ನೀವೇಳಿದ್ದು ಏನಾರ ಆಗ್ಲಿ. ನನ್ ಗಂಡ ನನ್ನ 'ಯಾರವ್ವ ನೀನು' ಅಂತಾನೆ, ಅಯ್ನೋರೆ!"

ಅವರು ಶಲ್ಯ ಕೆಳಗಿಟ್ಟು ನನ್ನನ್ನು ಎರಡೂ ಕೈಯಲ್ಲಿ ಎತ್ತಿಕೊಂಡರು. ಆಮೇಲೆ ಅಂಗಳಕ್ಕೆ ಬಂದು, ಕಂಬಕ್ಕೊರಗಿ ಕೂತಿದ್ದ ಮುದ್ದಯ್ಯನ ಮುಂದೆ ನಿಂತು, ಭಕ್ತರೆಲ್ಲ ನೋಡುತ್ತಿದ್ದಂತೆ ಗಟ್ಟಿಯಾಗಿ ಓದಿದರು. ನನ್ನೊಳಗಿದ್ದ ಮಾತನ್ನು ನಾನೂ ಅಂದೇ ಕೇಳಿದ್ದು. ಬಾಗಿಲ ಕಡೆಯಿಂದ ನೆರಳೊಂದು ನಾಚುತ್ತ ತೆವಳಿ ಬಂದು ಮುದ್ದಯ್ಯನ ಕಾಲಡಿ ಸೇರಿತು. ಅವನು ತಲೆಯೆತ್ತಿದ.

"ಚಿಕ್ಕಿ, ಮುಖಕ್ಕೆಲ್ಲ ಯಾಕೆ ಮಸಿ ಬಳ್ಕೊಂಡಿದೀಯೆ?"

ಅವಳು ಅಲ್ಲೇ ಕುಸಿದು ಗೋಳೋ ಎಂದು ಅತ್ತಳು.

ಈಗ ನನ್ನ ವಾಸ ಅಡುಗೆಮನೆಯ ಗೂಡಿನಲ್ಲಿ. ಅಂಚು ಸವೆದಿದೆ, ದಾರ ಎರಡು ಸಲ ಬದಲಾಗಿದೆ. ಶೂನ್ಯ ಹುಡುಕಿ ಬರುತ್ತಿದ್ದವರು ಮಠ ಬಿಟ್ಟರು. ನೆರಳು ಕಳೆದುಕೊಂಡವರ ಮನೆಯವರು ಬರುತ್ತಾರೆ; ಬಯಲಯ್ಯನವರು ನಡುಗುವ ದನಿಯಲ್ಲಿ ಓದಿಕೊಡುತ್ತಾರೆ. ಅವರೆಲ್ಲ ಹೋದ ಮೇಲೆ ನನ್ನನ್ನು ಮಡಿಲಲ್ಲಿಟ್ಟುಕೊಂಡು ಕೇಳುತ್ತಾರೆ:

"ಆ ನಲವತ್ತು ವರ್ಷದಲ್ಲೂ ಇಂಥವರು ಬಂದಿದ್ದರಲ್ಲವೇ?"

ಬಂದಿದ್ದರು. ನನಗೆ ಹೂವಿಟ್ಟು, ಬಯಲಯ್ಯನವರಿಂದ ಶೂನ್ಯದ ಮಾತು ಕೇಳಿ, ತಮ್ಮನ್ನು ಗುರುತಿಸದವರ ಕೈ ಹಿಡಿದುಕೊಂಡು ಮನೆಗೆ ಹೋಗಿದ್ದರು.